ಬೀಳೋದನ್ನ ಯಾರು ತೋರಿಸ್ತೀರಿ ಸ್ವಾಮಿ?

ಮೊನ್ನೆ ಭಾನುವಾರ ನಮ್ಮ ಸಂಘದ ಸಮಿತಿ ಸಭೆಯಲ್ಲಿ ನಾನೊಬ್ಬ ಒಂದು ಕಡೆ, ಉಳಿದ ಹನ್ನೊಂದು ಜನ ಇನ್ನೊಂದು ಕಡೆ. ಮೂವತ್ತು ವರ್ಷಕ್ಕೂ ಮೇಲಾಯ್ತು ಮುಂಬಯಿಗೆ ಬಂದು, ಇಷ್ಟು ಏಕಾಂಗಿ ನಾನು ವಿರಾರ್ ಫಾಸ್ಟ್‌ನಲ್ಲಿ ದಾದರಿನಲ್ಲಿ ಇಳಿಯೋಕೆ ಹೋಗಿದ್ದಾಗಲೂ ಆಗಿರಲಿಲ್ಲ :-)

ವಿಷಯ ಏನಪ್ಪಾ ಅಂದ್ರೆ, ಈ ಸಲದ ವಾರ್ಷಿಕೋತ್ಸವಕ್ಕೆ ಸಂಘದ ವತಿಯಿಂದ ಒಂದು ಚಿತ್ರ ಮಾಡಬೇಕಂತೆ. ನಾಟಕ ಅಲ್ಲ, ಹಾಡು ಅಲ್ಲ, ಕಲಿಸೋ ಚಿತ್ರ. ಹೆಣ್ಣುಮಕ್ಕಳಿಗೆ ಆತ್ಮರಕ್ಷಣೆ, ಹತ್ತು ನಿಮಿಷದಲ್ಲಿ ಹತ್ತು ಪಟ್ಟು. ಕನ್ನಡದಲ್ಲಿ ಇಂಥದ್ದು ಕಡಿಮೆ, ನಾವು ಮಾಡಿ ಯೂಟ್ಯೂಬಿಗೆ ಹಾಕಿದರೆ ಪುಣೆ, ಹೈದರಾಬಾದ್, ದೆಹಲಿ ಕನ್ನಡಿಗರೆಲ್ಲ ನೋಡ್ತಾರೆ ಅನ್ನೋದು ಉತ್ಸಾಹಿಗಳ ಲೆಕ್ಕ. ಒಳ್ಳೇ ಉದ್ದೇಶ. ನಾನು ಉದ್ದೇಶಕ್ಕೆ ಅಡ್ಡ ಬಂದವನಲ್ಲ. ಆದರೆ ನಾನು ಖಜಾಂಚಿ. ಬಜೆಟ್ ಕಾಗದ ನನ್ನ ಕೈಗೆ ಬಂತು. ಬ್ಯಾಂಕಿನವನ ಕಣ್ಣು ನೋಡಿ, ಒಟ್ಟು ಮೊತ್ತಕ್ಕಿಂತ ಮೊದಲು ಬಿಟ್ಟು ಹೋದ ಸಾಲಿನ ಮೇಲೆ ಬೀಳುತ್ತೆ. ಕ್ಯಾಮೆರಾ ಮತ್ತು ಎಡಿಟಿಂಗ್ 22,000. ಡ್ರೋನ್ 8,000. ಸಂಗೀತ 6,000. ತಿಂಡಿ 4,000. ಮೇಕಪ್ 3,000. ಇತರೆ 2,000. ಒಟ್ಟು 45,000. ಕೈ ಹಿಡಿದವನಿಂದ ಬಿಡಿಸಿಕೊಳ್ಳೋದನ್ನ ತೋರಿಸೋಕೆ ಡ್ರೋನ್ ಯಾಕೆ ಅಂತ ಕೇಳಿದೆ. 'ಓಪನಿಂಗ್ ಶಾಟ್ ಸಾರ್' ಅಂದರು. ನೆಲಕ್ಕೆ ಹಾಸೋ ಮ್ಯಾಟ್ ಎಲ್ಲಿ ಅಂತ ಕೇಳಿದೆ. ಸಭೆ ಮೌನ. ಮ್ಯಾಟಿಗೆ ಒಂದು ರೂಪಾಯಿ ಇರಲಿಲ್ಲ. ಮೆಡಿಕಲ್ ಅನ್ನೋ ಬಾಬತ್ತೂ ಇರಲಿಲ್ಲ.

ನಾನು ಸಹಿ ಹಾಕಲ್ಲ ಅಂದೆ. 'ಖಜಾಂಚಿಗಳು ಜಿಪುಣರು' ಅಂತ ಶುರುವಾಗಿ 'ನಿಮ್ಮ ಕಾಲದವರಿಗೆ ಹೊಸ ಮಾಧ್ಯಮ ಅರ್ಥ ಆಗಲ್ಲ' ಅನ್ನೋವರೆಗೂ ಹೋಯ್ತು. ಅಲ್ಲಿ ಮಾತಾಡೋಕೆ ಬಿಡಲಿಲ್ಲ, ಅದಕ್ಕೆ ಇಲ್ಲಿ ಬರೀತಿದ್ದೀನಿ. ಬ್ಲಾಗ್ ಇರೋದೇ ಅದಕ್ಕಲ್ಲವೇ?

ಮೊದಲು ನನ್ನ ಅರ್ಹತೆ ಹೇಳಿಬಿಡ್ತೀನಿ, ಇಲ್ಲಾಂದ್ರೆ 'ಬಿಕಾಂ ಓದಿ ಲೆಡ್ಜರ್ ಬರೆಯೋ ಇವನಿಗೆ ಇದೆಲ್ಲ ಯಾಕೆ' ಅಂತೀರಿ. ಧಾರವಾಡದಲ್ಲಿ ನಮ್ಮ ಮನೆ ಓಣಿಯ ತುದಿಗೇ ಗರಡಿ ಮನೆ. ಹತ್ತನೇ ವಯಸ್ಸಿಗೆ ಅಪ್ಪ ಕೈ ಹಿಡಿದು ಅಲ್ಲಿ ಬಿಟ್ಟು ಬಂದಿದ್ದರು. ನಮ್ಮ ವಸ್ತಾದರು ಮೊದಲ ಮೂರು ತಿಂಗಳು ಒಂದು ಪೇಚು ಹೇಳಿಕೊಡಲಿಲ್ಲ. ಮಟ್ಟಿ ಅಗೆಯೋದು, ಅದಕ್ಕೆ ಎಣ್ಣೆ, ಅರಿಶಿನ, ಮಜ್ಜಿಗೆ ಹಾಕಿ ಕಲಸೋದು, ದಂಡ, ಬೈಠಕ್, ಆಮೇಲೆ ಬೀಳೋದು. ಮುಂದಕ್ಕೆ ಬೀಳು, ಹಿಂದಕ್ಕೆ ಬೀಳು, ಪಕ್ಕಕ್ಕೆ ಬೀಳು. 'ಬೀಳಾಕ ಬರ್ಲಿಲ್ಲಂದ್ರ ನಿನ್ನ ಕೆಡವಿದಾಂವಗೂ ಪಾಪ ಬರ್ತದಲೇ' ಅನ್ನೋರು. ಆಮೇಲೆ ನೌಕರಿ ಸಿಕ್ಕಿ ಇಲ್ಲಿಗೆ ವರ್ಗ ಆಯ್ತು. ಡೊಂಬಿವಲಿಯಲ್ಲಿ ಒಂದು ಜೂಡೋ ಕ್ಲಾಸಿಗೆ ಆರು ವರ್ಷ ಹೋದೆ, ಮೊಣಕಾಲು ಬೇಡ ಅನ್ನೋವರೆಗೆ. ಬ್ರೌನ್ ಬೆಲ್ಟಿಗೇ ನಿಂತೆ. ಇಷ್ಟೇ ನನ್ನ ಬಂಡವಾಳ.

ಈಗ ಅಸಲು ಕಥೆ. ಎರಡು ವರ್ಷದ ಹಿಂದೆ ನನ್ನ ಅಕ್ಕನ ಮಗ ಓದೋಕೆ ಅಂತ ನಮ್ಮ ಮನೇಲಿದ್ದ. ಹತ್ತೊಂಬತ್ತು ವರ್ಷ. ಒಂದು ಸಂಜೆ ಮೊಬೈಲಿನಲ್ಲಿ ಒಂದು ವಿಡಿಯೋ ನೋಡಿದ. ಎರಡು ನಿಮಿಷದ್ದು, ನಾನೂ ಆಮೇಲೆ ನೋಡಿದೆ, ಎಷ್ಟು ಸಲ ನೋಡಿದೆನೋ ಲೆಕ್ಕ ಇಲ್ಲ. ಒಬ್ಬ ಪಕ್ಕದಿಂದ ಹಾರಿ ಎದುರಾಳಿಯ ಎರಡೂ ಕಾಲನ್ನ ತನ್ನ ಕಾಲುಗಳ ನಡುವೆ ಕತ್ತರಿ ಹಾಕಿ ಹಿಂದಕ್ಕೆ ಕೆಡವುತ್ತಾನೆ. ಢಂ ಅಂತ ಸಂಗೀತ. ಎದುರಾಳಿ ನಗುತ್ತಾ ಎದ್ದು ಬರ್ತಾನೆ. ಅದನ್ನ ಮೂರು ಕೋನದಿಂದ, ನಿಧಾನಗತಿಯಲ್ಲಿ ತೋರಿಸಿದ್ದಾರೆ. ಎಚ್ಚರಿಕೆ ಅನ್ನೋ ಒಂದಕ್ಷರ ಇಲ್ಲ. ನಮ್ಮ ಹುಡುಗ ಟೆರೇಸಿಗೆ ಹೋಗಿ ಪಕ್ಕದ ವಿಂಗ್‌ನ ಸ್ನೇಹಿತನ ಮೇಲೆ ಮಾಡಿ ನೋಡಿದ. ಹಾರಿದ್ದು ಒಂದು ಗೇಣು ತಪ್ಪಿತು. ಪೂರ್ತಿ ಮೈಭಾರ ಆ ಹುಡುಗನ ಮೊಣಕಾಲಿನ ಪಕ್ಕಕ್ಕೆ ಬಿತ್ತು. ಆ ಶಬ್ದ ಕೆಳಗೆ ಎರಡನೇ ಮಹಡಿಗೆ ಕೇಳಿಸ್ತು ಅಂತ ಹೇಳ್ತಾರೆ, ನನಗೆ ಕೇಳಿಸಿದ್ದು ಕಿರುಚಿದ್ದು ಮಾತ್ರ. ಎರಡು ಆಪರೇಷನ್ ಆಯ್ತು. ಖರ್ಚು ನಾವು ಕೊಟ್ಟೆವು, ಅದು ದೊಡ್ಡ ಮಾತಲ್ಲ. ಆ ಹುಡುಗ ಕ್ರಿಕೆಟ್ ಆಡ್ತಿದ್ದ, ಈಗ ಆಡಲ್ಲ. ಅವರಪ್ಪ ಲಿಫ್ಟಿನಲ್ಲಿ ಸಿಕ್ಕರೆ ಮೆಟ್ಟಿಲು ಹತ್ತಿ ಹೋಗ್ತಾರೆ. ಇಪ್ಪತ್ತೆರಡು ವರ್ಷದ ನೆರೆಹೊರೆ.

ಆ ಪಟ್ಟಿಗೆ ಜೂಡೋದಲ್ಲಿ ಕಾನಿ ಬಸಾಮಿ ಅಂತ ಹೆಸರು, ಏಡಿ ಕತ್ತರಿ ಅಂತ ಅರ್ಥ ಹೇಳಬಹುದು. ಇದರ ಇತಿಹಾಸ ನನಗೆ ಗೊತ್ತಿತ್ತು, ಅದೇ ಹೊಟ್ಟೆ ಉರಿ. 1980ರಲ್ಲಿ ಜಪಾನಿನಲ್ಲಿ ಯಾಸುಹಿರೋ ಯಮಾಶಿತಾ ಅನ್ನೋ ಮಹಾ ಜಟ್ಟಿಯ ಮೇಲೆ ಸುಮಿಯೋ ಎಂಡೋ ಇದೇ ಪಟ್ಟು ಹಾಕಿದ. ಯಮಾಶಿತಾ ಅಂದ್ರೆ 1977ರಿಂದ 1985ರವರೆಗೆ ಸತತ 203 ಪಂದ್ಯ ಸೋಲದೆ ಉಳಿದವನು, 1984ರ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದವನು. ಎಂಡೋ ಕೂಡ ವಿಶ್ವ ಚಾಂಪಿಯನ್. ಕಾಲಿನ ಮೂಳೆ ಮುರಿಯಿತು. ಆಮೇಲೆ ಆ ಪಟ್ಟನ್ನ ಅಂತರರಾಷ್ಟ್ರೀಯ ಸ್ಪರ್ಧೆಗಳಲ್ಲಿ ನಿಷೇಧ ಮಾಡಿದರು. ಜಗತ್ತಿನ ಇಬ್ಬರು ಶ್ರೇಷ್ಠರ ನಡುವೆ, ಮ್ಯಾಟಿನ ಮೇಲೆ, ರೆಫರಿ ಎದುರಿಗೆ ಕಾಲು ಮುರಿದ ಪಟ್ಟು ಅದು. ಅದನ್ನ ಯಾರೋ ಒಬ್ಬರು ಎರಡು ನಿಮಿಷದಲ್ಲಿ, ಸಂಗೀತ ಹಾಕಿ, ಹತ್ತೊಂಬತ್ತರ ಹುಡುಗನಿಗೆ ಕಲಿಸಿದರು. ಕಲಿಸಿದ್ದಕ್ಕೆ ಲೈಕ್ ತಗೊಂಡರು. ನಾವು ಬ್ಯಾಂಕಿನಲ್ಲಿ ಒಂದು ಮ್ಯೂಚುವಲ್ ಫಂಡ್ ಮಾರಬೇಕಾದರೂ ಅಪಾಯ ಇದೆ, ದಾಖಲೆ ಓದಿಕೊಳ್ಳಿ ಅಂತ ಉಸಿರು ಕಟ್ಟಿ ಹೇಳಬೇಕು. ಮೊಣಕಾಲು ಮುರಿಯೋ ವಿದ್ಯೆಗೆ ಆ ನಿಯಮವೂ ಇಲ್ಲ.

ಹುಡುಗನ ತಪ್ಪಿಲ್ಲವೇ? ಇದೆ. ಅವನಿಗೆ ಬೈದಿದ್ದೀನಿ, ಇನ್ನೂ ಬೈತೀನಿ. ಆದರೆ ನನ್ನ ಜಗಳ ಚಿತ್ರ ಮಾಡೋರ ಜೊತೆ.

ಒಂದು ಎತ್ತಿ ಒಗೆಯೋ ಪಟ್ಟಿನಲ್ಲಿ ಮೂರು ಹಂತ ಅಂತ ಜೂಡೋದವರು ಹೇಳಿಕೊಡ್ತಾರೆ. ಕುಜುಶಿ, ಅಂದ್ರೆ ಎದುರಿನವನ ಸಮತೋಲ ಕೆಡಿಸೋದು. ತ್ಸುಕುರಿ, ನಾವು ಒಳಗೆ ಹೊಕ್ಕು ಸರಿಯಾದ ಜಾಗಕ್ಕೆ ಬರೋದು. ಕಾಕೆ, ಒಗೆಯೋದು. ಮೂರೂ ಸೇರಿ ಒಂದು ಸೆಕೆಂಡಿನ ಆಸುಪಾಸು. ಕಣ್ಣಿಗೆ ಕಾಣೋದು ಮೂರನೇದು ಮಾತ್ರ, ಏಕೆಂದರೆ ಅದರಲ್ಲಿ ಮನುಷ್ಯ ಗಾಳಿಯಲ್ಲಿರ್ತಾನೆ. ನಿಜವಾದ ಕೆಲಸ ಎಲ್ಲ ಮೊದಲನೇದರಲ್ಲಿ. ತೋಳು ಒಂದು ಇಂಚು ಎಳೆದದ್ದು, ಎದುರಿನವನ ಹಿಮ್ಮಡಿ ನೆಲ ಬಿಟ್ಟದ್ದು, ಅವನ ಭಾರ ಬಲಗಾಲಿನ ಕಿರುಬೆರಳಿನ ಮೇಲೆ ಬಂದದ್ದು. ಸಾಮಾನ್ಯ ವಿಡಿಯೋ ಸೆಕೆಂಡಿಗೆ 25 ಅಥವಾ 30 ಚೌಕಟ್ಟು. ಅಂದ್ರೆ ಆ ಸಮತೋಲ ಕೆಡಿಸೋ ಕ್ಷಣಕ್ಕೆ ಸಿಗೋದು ಆರೇಳು ಚೌಕಟ್ಟು. ಈಗಿನ ಫೋನುಗಳಲ್ಲಿ 120, 240 ಚೌಕಟ್ಟು ತೆಗೀಬಹುದು, ನಮ್ಮ ಕಾಲದಲ್ಲಿ ಕನಸಾಗಿತ್ತು. ಆ ವರವನ್ನ ಏನಕ್ಕೆ ಬಳಸ್ತಾರೆ? ಹೀರೋ ಗಾಳಿಯಲ್ಲಿ ಕಾಲು ಬೀಸೋದನ್ನ, ಕೂದಲಿಂದ ಬೆವರು ಹಾರೋದನ್ನ ನಿಧಾನವಾಗಿ ತೋರಿಸೋಕೆ. ಪಾದಗಳನ್ನ ಚೌಕಟ್ಟಿನ ಹೊರಗೇ ಬಿಟ್ಟಿರ್ತಾರೆ. ಪಾದ ಇಲ್ಲದ ಕುಸ್ತಿ ಪಾಠ ಅಂದ್ರೆ ಬ್ಯಾಲೆನ್ಸ್ ಕಾಲಂ ಇಲ್ಲದ ಪಾಸ್‌ಬುಕ್.

ಇನ್ನೊಂದು ಸಣ್ಣ ವಿಷಯ, ಆದರೆ ಎಲ್ಲರೂ ಮುಗ್ಗರಿಸೋದು ಇಲ್ಲೇ. ಕಲಿಸೋನು ಕ್ಯಾಮೆರಾಕ್ಕೆ ಎದುರಾಗಿ ನಿಂತು ಬಲಗೈ ಎತ್ತು ಅಂತಾನೆ. ನೋಡೋನಿಗೆ ಆ ಕೈ ಎಡಗಡೆ ಕಾಣುತ್ತೆ. ಒಂದೇ ಕೈ ಎತ್ತೋದಾದರೆ ಪರವಾಗಿಲ್ಲ. ಬಲಗೈ ಕಾಲರ್ ಹಿಡಿದು, ಎಡಗಾಲು ಹಿಂದೆ ಸರಿಸಿ, ಸೊಂಟ ತಿರುಗಿಸು ಅನ್ನೋ ಹೊತ್ತಿಗೆ ನೋಡೋನ ತಲೆ ತಿರುಗಿರುತ್ತೆ. ಪರಿಹಾರಕ್ಕೆ ಖರ್ಚೇ ಇಲ್ಲ: ಬೆನ್ನ ಹಿಂದಿನಿಂದ ಒಂದು ಸಲ ತೆಗೀರಿ. ಆದರೆ ಬೆನ್ನು ತೋರಿಸಿದರೆ ಮುಖ ಕಾಣಲ್ಲವಲ್ಲ! ಮುಖ ಕಾಣದಿದ್ದರೆ ಚಾನೆಲ್ ಬೆಳೆಯೋದು ಹೇಗೆ?

ಚಾಕು ವಿಡಿಯೋಗಳ ಬಗ್ಗೆ ಬರೆಯೋಕೆ ಹೋದರೆ ರಕ್ತದೊತ್ತಡ ಏರುತ್ತೆ. ದಾಳಿಕೋರ ದೂರದಿಂದ ಬಂದು ಒಂದೇ ಸಲ ತಿವೀತಾನೆ, ಆಮೇಲೆ ಕೈಯನ್ನ ಚಾಚಿಕೊಂಡು ದೇವಸ್ಥಾನದ ದ್ವಾರಪಾಲಕನ ಹಾಗೆ ನಿಂತಿರ್ತಾನೆ. ನಮ್ಮ ನಾಯಕಿ ಆರಾಮಾಗಿ ಮಣಿಕಟ್ಟು ಹಿಡಿದು, ತಿರುಚಿ, ಮೊಣಕೈ ಕೊಟ್ಟು, ಚಾಕು ಕಿತ್ತುಕೊಂಡು ನಗ್ತಾಳೆ. ಚಾಕು ಹಿಡಿದವನು ಕೈ ಹಿಂದಕ್ಕೆಳೆದು ಮತ್ತೆ ಮತ್ತೆ ತಿವೀತಾನೆ ಸ್ವಾಮಿ. ಇನ್ನೊಂದು ಕೈಯಿಂದ ನಿಮ್ಮನ್ನ ಹಿಡಿದಿರ್ತಾನೆ. ಇದನ್ನ ನೋಡಿ ಧೈರ್ಯ ಬಂದ ಹುಡುಗಿ, ಪರ್ಸ್ ಬಿಸಾಕಿ ಓಡಬೇಕಾದ ಜಾಗದಲ್ಲಿ ನಿಂತರೆ? ನನಗೂ ಮಗಳಿದ್ದಾಳೆ. ರಾತ್ರಿ ಹತ್ತೂವರೆ ಲೋಕಲ್‌ನಲ್ಲಿ ಬರ್ತಾಳೆ. ಅವಳಿಗೆ ಸುಳ್ಳು ಧೈರ್ಯ ಕೊಡೋ ಚಿತ್ರಕ್ಕೆ ನನ್ನ ಸಹಿ ಇಲ್ಲ ಅಂದದ್ದು ಅದಕ್ಕೇ. ಸಭೆಯಲ್ಲಿ ಇದನ್ನ ಹೇಳಿದಾಗ 'ನೀವು ಹೆಣ್ಣುಮಕ್ಕಳಿಗೆ ಕಲಿಸೋದಕ್ಕೇ ವಿರೋಧ' ಅಂತ ತಿರುಚಿದರು. ಅದು ಮಣಿಕಟ್ಟು ತಿರುಚಿದ್ದಕ್ಕಿಂತ ಚೆನ್ನಾಗಿತ್ತು, ಅದನ್ನೇ ಚಿತ್ರ ಮಾಡಬಹುದಿತ್ತು.

ಬೀಳೋ ವಿಚಾರಕ್ಕೆ ಬರ್ತೀನಿ. ಜಪಾನಿನ ಶಾಲೆಗಳಲ್ಲಿ 1983ರಿಂದ ಮುಂದಿನ ಮೂರು ದಶಕಗಳಲ್ಲಿ ಜೂಡೋ ಅಭ್ಯಾಸದಲ್ಲಿ ನೂರಕ್ಕೂ ಹೆಚ್ಚು ಮಕ್ಕಳು ಸತ್ತರು. ಜೂಡೋ ಹುಟ್ಟಿದ ದೇಶದಲ್ಲಿ! 1882ರಲ್ಲಿ ಜಿಗೋರೋ ಕಾನೋ ಕೊಡೋಕಾನ್ ಶುರು ಮಾಡಿದ ನಾಡಿನಲ್ಲಿ, ಶಿಕ್ಷಕರ ಕಣ್ಣೆದುರಿಗೇ. 2012ರಲ್ಲಿ ಮಾಧ್ಯಮಿಕ ಶಾಲೆಗಳಲ್ಲಿ ಸಮರಕಲೆ ಕಡ್ಡಾಯ ಮಾಡುವ ಹೊತ್ತಿಗೆ ಇದು ದೊಡ್ಡ ಗಲಾಟೆಯಾಯ್ತು, ಮಕ್ಕಳನ್ನ ಕಳೆದುಕೊಂಡ ಪೋಷಕರು ಅದಕ್ಕೂ ಮೊದಲೇ ಸಂಘ ಕಟ್ಟಿದ್ದರು. ಸತ್ತವರಲ್ಲಿ ಬಹಳಷ್ಟು ಜನ ಹೊಸಬರು, ತಲೆಗೆ ಪೆಟ್ಟು. ಹೆಚ್ಚು ಹೆಸರು ಕೇಳಿ ಬಂದ ಪಟ್ಟು ಓಸೋಟೋ ಗಾರಿ, ಕಾಲು ಹೊರಗಿನಿಂದ ಕೊಯ್ದು ಹಿಂದಕ್ಕೆ ಕೆಡವೋದು. ಅದು ನೋಡೋಕೆ ಅತಿ ಸುಲಭದ ಪಟ್ಟು, ಮೊದಲ ವಾರವೇ ಎಲ್ಲರೂ ಮಾಡ್ತಾರೆ. ಕೆಡವೋನಿಗೆ ಸುಲಭ. ಬೀಳೋನು ಗದ್ದವನ್ನ ಎದೆಗೆ ಒತ್ತಿ, ಕೈಯಿಂದ ನೆಲ ಬಡಿದು, ತಲೆ ಎತ್ತಿ ಹಿಡಿಯೋದು ಕಲಿತಿಲ್ಲದಿದ್ದರೆ ತಲೆಯ ಹಿಂಭಾಗ ನೇರ ನೆಲಕ್ಕೆ. ತಲೆ ನೆಲಕ್ಕೆ ತಾಗದಿದ್ದರೂ ಕುತ್ತಿಗೆ ಝಾಡಿಸಿದ ಹೊಡೆತಕ್ಕೇ ಮೆದುಳಿನ ರಕ್ತನಾಳ ಹರೀಬಹುದು.

ಈಗ ನೀವೇ ಹೋಗಿ ಹುಡುಕಿ ನೋಡಿ. ಆ ಪಟ್ಟು ಕಲಿಸೋ ವಿಡಿಯೋ ಎಷ್ಟಿವೆ, ಅದಕ್ಕೆ ಬೀಳೋನ ಪಾಠ ಎಷ್ಟರಲ್ಲಿ ಸೇರಿದೆ. ಬೀಳೋನಿಗೆ ಹೆಸರೇ ಇರಲ್ಲ. ಅವನು ಸರಕು. ನಮ್ಮ ವಸ್ತಾದರು ಮೂರು ತಿಂಗಳು ಕಲಿಸಿದ್ದನ್ನ ಇವರು ಮೂರು ಸೆಕೆಂಡೂ ಕಲಿಸಲ್ಲ.

ಇಷ್ಟೆಲ್ಲ ಓದಿ, ಚಿತ್ರದಿಂದ ಕಲಿಯೋಕಾಗಲ್ಲ ಅಂತ ನಾನು ಹೇಳ್ತಿದ್ದೀನಿ ಅಂದುಕೊಂಡಿರಾ? ಇಲ್ಲ. ಹಾಗನ್ನೋ ಗುರುಗಳ ಮೇಲೂ ನನಗೆ ಸಿಟ್ಟಿದೆ. 'ಗುರುಮುಖೇನ ಕಲೀಬೇಕು, ಯಂತ್ರದಿಂದ ಬರಲ್ಲ' ಅಂತ ಹೇಳಿ, ಶಿಷ್ಯರಿಗೂ ಅರ್ಧ ಹೇಳಿ ಅರ್ಧ ಮುಚ್ಚಿಟ್ಟು, ಕೊನೆಗೆ ಆ ಅರ್ಧವನ್ನ ಚಿತೆಯ ಮೇಲೆ ಒಯ್ದ ಎಷ್ಟು ಜನ ಇಲ್ಲ ನಮ್ಮಲ್ಲಿ? ಏಕಲವ್ಯನ ಉದಾಹರಣೆ ಕೊಡೋರಿಗೆ ಒಂದು ಮಾತು. ಅವನ ಮಣ್ಣಿನ ದ್ರೋಣ ಒಂದು ರೀತಿ ವಿಡಿಯೋ ಇದ್ದ ಹಾಗೇ, ತಿದ್ದುತ್ತಿರಲಿಲ್ಲ. ಆದರೂ ಅವನು ಕಲಿತ, ಯಾಕೆ? ಬಾಣ ಗುರಿಗೆ ತಾಗಿತೋ ಇಲ್ಲವೋ ಅನ್ನೋದು ಅವನಿಗೇ ಕಾಣ್ತಿತ್ತು, ತಪ್ಪಿದರೆ ಮರಕ್ಕೆ ಬೀಳ್ತಿತ್ತು. ಕುಸ್ತಿಯಲ್ಲಿ ಗುರಿ ಅಂದ್ರೆ ಸ್ನೇಹಿತನ ಕುತ್ತಿಗೆ. ವ್ಯತ್ಯಾಸ ಅಷ್ಟೇ. ಆ ವ್ಯತ್ಯಾಸವನ್ನ ಮನಸ್ಸಲ್ಲಿಟ್ಟುಕೊಂಡು ಚಿತ್ರ ಮಾಡಿದರೆ ಚಿತ್ರ ಕಲಿಸುತ್ತೆ.

ಮಾಡಿದವರಿದ್ದಾರೆ. 1955ರಲ್ಲಿ ಕ್ಯೂಜೋ ಮಿಫುನೆ ಅನ್ನೋ ಹತ್ತನೇ ಡಾನ್‌ನ ಜೂಡೋ ಗುರುವನ್ನ ಇಟ್ಟುಕೊಂಡು ಜಪಾನಿನಲ್ಲಿ ಒಂದು ಚಿತ್ರ ತೆಗೆದರು. ಆಗ ಆತನಿಗೆ ಎಪ್ಪತ್ತು ದಾಟಿತ್ತು, ಗುಬ್ಬಿಯಂಥ ದೇಹ. ಕಪ್ಪು ಬಿಳುಪು, ಕ್ಯಾಮೆರಾ ಬಹುಪಾಲು ಒಂದೇ ಜಾಗದಲ್ಲಿ ನಿಂತಿದೆ, ತಲೆಯಿಂದ ಪಾದದವರೆಗೆ ಇಬ್ಬರೂ ಕಾಣ್ತಾರೆ. ಪಟ್ಟು, ಅದಕ್ಕೆ ಎದುರು ಪಟ್ಟು, ತಪ್ಪಿಸಿಕೊಳ್ಳೋದು. ನಾನು ಆರು ವರ್ಷ ಕ್ಲಾಸಿನಲ್ಲಿ ಕೇಳಿ ಅರ್ಥ ಆಗದಿದ್ದ ಒಂದು ಸಂಗತಿ, ಎಳೆದಾಗ ಎದುರಿಸದೆ ಎಳೆದವನ ಜೊತೆಗೇ ಹೋಗಿ ಅವನನ್ನ ದಾಟೋದು, ಆ ಚಿತ್ರ ನೋಡಿದಾಗ ಹೊಳೆಯಿತು. ಹೊಳೆದಾಗ ಮೊಣಕಾಲು ಹೋಗಿತ್ತು, ಅದು ಬೇರೆ ಮಾತು. ಅದಕ್ಕೂ ಇಪ್ಪತ್ತು ವರ್ಷ ಮೊದಲು, 1935ರಲ್ಲಿ, ಒಸಾಕಾದಲ್ಲಿ ಅಸಾಹಿ ಪತ್ರಿಕೆಯವರು ಐಕಿಡೋ ಕಟ್ಟಿದ ಮೊರಿಹೇ ಉಯೆಶಿಬಾನನ್ನ ಚಿತ್ರೀಕರಿಸಿಟ್ಟರು. ತೊಂಬತ್ತು ವರ್ಷ ಆಯ್ತು, ಐಕಿಡೋ ಕಲಿಯೋರು ಇಂದಿಗೂ ಅದನ್ನ ನೋಡಿ 'ಆಗ ಹೀಗಿತ್ತು, ಈಗ ಯಾಕೆ ಹೀಗಾಯ್ತು' ಅಂತ ಜಗಳ ಆಡ್ತಾರೆ. ಜಗಳ ಆಡೋಕೆ ಒಂದು ದಾಖಲೆ ಅವರ ಹತ್ತಿರ ಇದೆ.

ಬ್ರೆಜಿಲ್‌ನ ಗ್ರೇಸಿ ಮನೆತನದವರದ್ದು ಪಕ್ಕಾ ವ್ಯಾಪಾರ. 1980ರ ದಶಕದ ಕೊನೆಗೆ ಅಮೆರಿಕದಲ್ಲಿ ತಾವು ಬೇರೆಯವರನ್ನ ಸೋಲಿಸಿದ ಕ್ಯಾಸೆಟ್ ಮಾರಿದರು, 1993ರಲ್ಲಿ ಡೆನ್ವರ್‌ನಲ್ಲಿ ಮೊದಲ ಯುಎಫ್‌ಸಿಯಲ್ಲಿ ರಾಯ್ಸ್ ಗ್ರೇಸಿ ಗೆದ್ದ ಮೇಲೆ ಪಾಠದ ಕ್ಯಾಸೆಟ್‌ಗಳಿಗೆ ಗಿರಾಕಿ ತಾವಾಗಿಯೇ ಬಂದರು. ವ್ಯಾಪಾರವೇ ಸರಿ, ಆದರೆ ಆ ವಿದ್ಯೆಯಲ್ಲಿ ಒಂದು ಜಾಣತನ ಇದೆ. ಸಾಕು ಅನ್ನಿಸಿದಾಗ ಎದುರಿನವನ ಮೈ ತಟ್ಟಬೇಕು, ತಟ್ಟಿದ ತಕ್ಷಣ ಬಿಡಬೇಕು. ಇದು ಮೊದಲ ಪಾಠ. ಇವತ್ತು ಆ ಪಂಥದವರು ಒಂದೊಂದು ವಿಷಯಕ್ಕೆ ಗಂಟೆಗಟ್ಟಲೆ ಉದ್ದದ ಚಿತ್ರ ಮಾಡಿ ಮಾರ್ತಾರೆ, ಜನ ಅದನ್ನ ನೋಡಿ ಮಾರನೇ ದಿನ ಕ್ಲಾಸಿನಲ್ಲಿ ಪ್ರಯೋಗ ಮಾಡ್ತಾರೆ. ಅಂದ್ರೆ ನೋಡೋನಿಗೆ ಮ್ಯಾಟ್ ಇದೆ, ಜೊತೆಗಾರ ಇದ್ದಾನೆ, ತಟ್ಟೋ ನಿಯಮ ಗೊತ್ತಿದೆ. ನಮ್ಮ ಸಂಘದ ಚಿತ್ರ ನೋಡೋರಿಗೆ ಇರೋದು ಟೈಲ್ಸ್ ಹಾಕಿದ ಹಾಲ್ ಮತ್ತು ಗಾಜಿನ ಟೀಪಾಯಿ.

ನಮ್ಮ ಕಡೆ ಏನಾಗಿದೆ ನೋಡಿ. ಹನ್ನೆರಡನೇ ಶತಮಾನದಲ್ಲಿ ಕಲ್ಯಾಣದಿಂದ ಆಳಿದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ ಮಾನಸೋಲ್ಲಾಸ ಬರೆಸಿದ. ಅದರಲ್ಲಿ ಮಲ್ಲರಿಗೇ ಒಂದು ಭಾಗ: ವಯಸ್ಸು, ಮೈಕಟ್ಟು, ಬಲ ನೋಡಿ ದರ್ಜೆ, ಊಟ ಏನು, ಸಾಧನೆ ಏನು. ಆ ಕಾಲಕ್ಕೆ ಕ್ಯಾಮೆರಾ ಇರಲಿಲ್ಲ, ಶಬ್ದದಲ್ಲಿ ಎಷ್ಟು ಹಿಡಿಯಬಹುದೋ ಹಿಡಿದ. ಇವತ್ತು ಪ್ರತಿಯೊಬ್ಬನ ಜೇಬಲ್ಲಿ ಕ್ಯಾಮೆರಾ. ಮೈಸೂರಿನಲ್ಲಿ ವಿಜಯದಶಮಿಯ ದಿನ ಅರಮನೆಯಲ್ಲಿ ವಜ್ರಮುಷ್ಟಿ ಕಾಳಗ ನಡೆಯುತ್ತಲ್ಲ, ತಲೆ ಬೋಳಿಸಿಕೊಂಡ ಜಟ್ಟಿಗಳು, ಮುಷ್ಟಿಗೆ ಆಯುಧ, ಯಾರ ತಲೆಯಿಂದಾದರೂ ರಕ್ತ ಚಿಮ್ಮಿದ ಕೂಡಲೇ ಮುಗೀತು. ಎಲ್ಲ ಚಾನೆಲ್ಲಿನಲ್ಲೂ ಪ್ರತಿವರ್ಷ ಅದೇ ಕೆಲವು ಕ್ಷಣ, ಅದೇ ರಕ್ತ. ಆ ಜಟ್ಟಿ ಅದಕ್ಕೆ ಮೊದಲು ಎಷ್ಟು ದಿನ ಏನೇನು ಅಭ್ಯಾಸ ಮಾಡಿದ, ಹೆಜ್ಜೆ ಹೇಗೆ ಇಡ್ತಾನೆ, ಹೊಡೆತವನ್ನ ಹೇಗೆ ತಪ್ಪಿಸ್ತಾನೆ, ಅವನಿಗೆ ಹೇಳಿಕೊಟ್ಟ ಹಿರಿಯ ಯಾರು? ಇದನ್ನ ಟೀವಿಯಲ್ಲಿ ಕೂತು ನೋಡಿದ ನೆನಪು ನನಗಂತೂ ಇಲ್ಲ. ರಕ್ತಕ್ಕೆ ಟಿಆರ್‌ಪಿ ಇದೆ, ಹೆಜ್ಜೆಗೆ ಇಲ್ಲ.

ನಮ್ಮ ವಸ್ತಾದರು ತೀರಿಕೊಂಡದ್ದು 2009ರಲ್ಲಿ. ಆಗ ನನ್ನ ಹತ್ತಿರ ಒಂದು ಹ್ಯಾಂಡಿಕ್ಯಾಮ್ ಇತ್ತು. ಎಲ್‌ಟಿಸಿ ತಗೊಂಡು ಕುಟುಂಬ ಸಮೇತ ಊಟಿಗೆ ಹೋಗಿ ಬೊಟಾನಿಕಲ್ ಗಾರ್ಡನ್ ಪೂರ್ತಿ ತೆಗೆದಿದ್ದೀನಿ. ವಾಪಸ್ ಬರುವಾಗ ಧಾರವಾಡದಲ್ಲಿ ಎರಡು ದಿನ ಇದ್ದೆ, ಗರಡಿಗೂ ಹೋಗಿದ್ದೆ. ಕಾಲಿಗೆ ನಮಸ್ಕಾರ ಮಾಡಿ, ಚಹಾ ಕುಡಿದು, ಟೇಪ್ ಮುಗಿದಿದೆ ಅಂತ ಕ್ಯಾಮೆರಾ ಚೀಲದಿಂದ ತೆಗೀಲೇ ಇಲ್ಲ. ಪೇಟೆಗೆ ಹೋಗಿ ಇನ್ನೊಂದು ಟೇಪ್ ತರೋಕೆ ಹತ್ತು ನಿಮಿಷ ಸಾಕಿತ್ತು. ಅವರು ಕುತ್ತಿಗೆಯನ್ನ ಪಟ್ಟಿನಿಂದ ಬಿಡಿಸಿಕೊಳ್ತಿದ್ದ ಒಂದು ರೀತಿ ಇತ್ತು, ಭುಜ ಒಂದು ಸಲ ಕುಗ್ಗಿಸಿ ಗದ್ದ ಒಳಗೆ ತರೋದು. ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ, ನನಗೆ ಮಾಡಿ ತೋರಿಸೋಕೆ ಬರಲ್ಲ. ಊಟಿಯ ಗುಲಾಬಿಗಳು ಮಾತ್ರ ಸಿಡಿಯಲ್ಲಿ ಭದ್ರವಾಗಿವೆ.

ಆದ್ದರಿಂದ ಸಮಿತಿಯ ಮಿತ್ರರೇ (ನೀವು ಈ ಬ್ಲಾಗ್ ಓದ್ತೀರಿ, ಕಾಮೆಂಟ್ ಹಾಕಲ್ಲ ಅಷ್ಟೇ), ನನ್ನ ಲೆಕ್ಕ ಇದು. ಡ್ರೋನ್, ಸಂಗೀತ, ಮೇಕಪ್ ತೆಗೆದರೆ 17,000 ಉಳೀತು. ಅದರಲ್ಲಿ ಮ್ಯಾಟ್ ಬಾಡಿಗೆಗೆ ತನ್ನಿ, ಒಬ್ಬ ಫಿಸಿಯೋಥೆರಪಿಸ್ಟ್‌ಗೆ ಅರ್ಧ ದಿನದ ಫೀ ಕೊಡಿ. ಹತ್ತು ಪಟ್ಟು ಬೇಡ, ಎರಡು ಸಾಕು. ಹಿಡಿತ ಬಿಡಿಸಿಕೊಂಡು ಓಡೋದು ಒಂದು, ನೆಲಕ್ಕೆ ಬಿದ್ದಾಗ ತಲೆ ಕಾಪಾಡಿಕೊಂಡು ಏಳೋದು ಇನ್ನೊಂದು. ಹಿಂದಿನಿಂದ ಒಂದು ಸಲ, ಪಕ್ಕದಿಂದ ಒಂದು ಸಲ, ಪಾದ ಕಾಣೋ ಹಾಗೆ. ಹಿಡಿಯೋನು ನಿಜವಾಗಿ ಹಿಡೀಲಿ, ಹುಡುಗಿ ಮೊದಲ ಸಲ ಸೋಲಲಿ, ಅದನ್ನೂ ಕತ್ತರಿಸದೆ ಹಾಕಿ. ಯಾರ ಮೇಲೂ ಮಾಡಿ ನೋಡಬಾರದ ಪಟ್ಟು ಯಾವುದು ಅಂತ ಕನ್ನಡದಲ್ಲಿ ಬಾಯಿ ಬಿಟ್ಟು ಹೇಳಿ. ಹತ್ತು ನಿಮಿಷಕ್ಕೆ ಬದಲು ನಲವತ್ತು ನಿಮಿಷ ಆಗುತ್ತೆ, ಜನ ನೋಡಲ್ಲ ಅಂತೀರಿ. ನೋಡದಿರಲಿ. ನೋಡಿದ ಇಪ್ಪತ್ತು ಜನರಲ್ಲಿ ಒಬ್ಬರ ಮೊಣಕಾಲೂ ಹೋಗಲ್ಲ.

ಮುಂದಿನ ಸಭೆ ಎರಡನೇ ಭಾನುವಾರ. ಚೆಕ್ ಬುಕ್ ನನ್ನ ಹತ್ತಿರವೇ ಇದೆ. ಹೊಸ ಬಜೆಟ್ ಇನ್ನೂ ಬಂದಿಲ್ಲ.